ಸಾವಿನ ಮನೆಯಿಂದ ವಾಪಸ್ ಬಾರದ ಪಾತ್ರೆ

ಕೋಳಿ, ಅಕ್ಕಿ ಕಲಸಿ ಓವನ್ನಿನಲ್ಲಿ ಬೇಯಿಸುವ ಕ್ಯಾಸರೋಲ್ ಮಾಡಲು ಇಡೀ ಕೋಳಿಗೆ ಒಂಬತ್ತು ಡಾಲರ್, ಹುಳಿ ಕೆನೆಗೆ ಎರಡೂವರೆ, ಮೇಲೆ ಪುಡಿ ಮಾಡಿ ಉದುರಿಸುವ ಬೆಣ್ಣೆ ಬಿಸ್ಕತ್ತಿಗೆ ನಾಲ್ಕು, ಅಕ್ಕಿ ಈರುಳ್ಳಿ ಬೆಣ್ಣೆ ಎಲ್ಲ ಸೇರಿ ಇನ್ನೊಂದು ಐದು. ಇಪ್ಪತ್ತು ಡಾಲರಿನ ಆಸುಪಾಸಿನಲ್ಲಿ ಸಾವಿನ ಮನೆಯ ಹನ್ನೆರಡು ಹೊಟ್ಟೆ ತುಂಬುತ್ತವೆ. ಸೂಪರ್‌ಮಾರ್ಕೆಟಿನ ಕರಿದ ಕೋಳಿಯ ದೊಡ್ಡ ಡಬ್ಬಿಗೆ ಹದಿನೆಂಟು. ಅದರ ಮೇಲಿನ ಬೆಲೆ ಚೀಟಿ ಕೀಳುವುದಕ್ಕೆ ಏನೂ ಖರ್ಚಿಲ್ಲ, ಆದರೂ ಕೆಲವರು ಅದನ್ನೂ ಕೀಳುವುದಿಲ್ಲ. ಅಂಥವರ ವಿಷಯಕ್ಕೆ ಆಮೇಲೆ ಬರುತ್ತೇನೆ.

ಕ್ಯಾಸರೋಲ್ ಇಡುವ ಪಾತ್ರೆಗೆ ಮಾತ್ರ ನಾನು ಬೆಲೆ ಹೇಳಲಾರೆ. ಬಿಳಿ ಪಿಂಗಾಣಿ, ಬದಿಗೆ ನೀಲಿ ಹೂವು, ಒಳ್ಳೆಯ ಆಳ. ಮದುವೆಯಲ್ಲಿ ನನ್ನತ್ತೆ ಮನಸ್ಸಿಲ್ಲದ ಮನಸ್ಸಿನಿಂದ ಕೊಟ್ಟದ್ದು. ಅದರ ತಳದಲ್ಲಿ ಅಂಟುಪಟ್ಟಿ, ಪಟ್ಟಿಯ ಮೇಲೆ ನನ್ನ ಹೆಸರು, ಫ್ಲೋರೀನ್ ಹ್ಯಾಸ್ಕ್ಯೂ. ಅಲಬಾಮಾದ ನಮ್ಮ ಸ್ವೀಟ್‌ಗಮ್‌ನಲ್ಲಿ ತಳಕ್ಕೆ ಹೆಸರು ಅಂಟಿಸದೆ ಯಾವ ಹೆಂಗಸೂ ಪಾತ್ರೆಯನ್ನು ಹೊಸಿಲು ದಾಟಿಸುವುದಿಲ್ಲ. ಊರಿನಲ್ಲಿ ಯಾರಾದರೂ ಸತ್ತರೆ ಎಲ್ಲರ ಪಾತ್ರೆಯೂ ಆ ಮನೆಗೆ ಹೋಗುತ್ತದೆ. ಖಾಲಿಯಾಗಿ, ತೊಳೆಸಿಕೊಂಡು ಚರ್ಚಿನ ಅಡುಗೆಮನೆಯ ಮೇಜಿಗೆ ಬರುತ್ತದೆ. ಅಲ್ಲಿಂದ ಅವರವರದನ್ನು ಅವರವರು ಒಯ್ಯುತ್ತಾರೆ. ನನ್ನ ಪಾತ್ರೆ ಅರ್ಧ ಊರನ್ನು ಮಣ್ಣಿಗೆ ಕಳಿಸಿ ಪ್ರತಿ ಸಲವೂ ವಾಪಸ್ ಬಂದಿತ್ತು. ಮಿಸ್ ಕೋರಾಬೆತ್ ಲೈಲ್ ಸತ್ತಾಗ ಮಾತ್ರ ಬರಲಿಲ್ಲ.

ನಮ್ಮಲ್ಲಿ ಇನ್ನೊಂದು ಪದ್ಧತಿ ಇದೆ. ಎಲ್ಲರೂ ಸ್ಮಶಾನಕ್ಕೆ ಹೋದಾಗ ಒಬ್ಬರು ಸತ್ತವರ ಮನೆಯಲ್ಲಿ ಕೂರಬೇಕು. ಪತ್ರಿಕೆಯಲ್ಲಿ ಸಾವಿನ ಸುದ್ದಿ ಓದಿ, ಮನೆ ಖಾಲಿಯಿರುವ ಹೊತ್ತು ನೋಡಿಕೊಂಡು ಬರುವ ಕಳ್ಳರು ಇದ್ದಾರೆ. ಜೊತೆಗೆ ತಡವಾಗಿ ಬರುವ ಅಡುಗೆಯನ್ನು ತೆಗೆದುಕೊಳ್ಳಲು, ಕಾಫಿ ಹಾಕಲು ಒಂದು ಜೀವ ಬೇಕಲ್ಲ. ಆ ಕೆಲಸ ಯಾವಾಗಲೂ ಐಡೆಲ್ಲಾ ಪರ್ವಿಸ್‌ಳದ್ದು. ಚರ್ಚಿನ ಅಡುಗೆಮನೆಯ ಕೀಲಿಕೈ ಇರುವುದೂ ಅವಳ ಕೈಯಲ್ಲೇ. ಕೋರಾಬೆತ್ ಅವಳ ಜೀವದ ಗೆಳತಿ. ಇಬ್ಬರೂ ದಿನಾ ಸಂಜೆ ವರಾಂಡದಲ್ಲಿ ಕೂತು ಬಟಾಣಿ ಬಿಡಿಸುತ್ತಾ ಊರನ್ನೆಲ್ಲ ಆಡಿಕೊಳ್ಳುತ್ತಿದ್ದವರು. "ಈ ಸಲ ಬೇರೆ ಯಾರಾದ್ರೂ ಕೂರ್ಲಿ, ನೀನು ಮಣ್ಣಿಗೆ ಹೋಗು" ಎಂದು ನಾನೇ ಹೇಳಿದೆ. "ಅವಳ ಮನೇನ ಬೇರೆಯವರ ಕೈಗೆ ಬಿಟ್ಟು ಹೋಗ್ಲಾ?" ಎಂದು ಕಣ್ಣೊರೆಸಿಕೊಂಡು ಅಲ್ಲೇ ಉಳಿದಳು.

ಶನಿವಾರ ಮಣ್ಣಾಯಿತು. ಸೋಮವಾರ ಕೋರಾಬೆತ್‌ಳ ಅಣ್ಣನ ಮಗ ಥ್ಯಾಕ್ಸ್ಟನ್ ಬೆಳ್ಳಿಯ ಪೆಟ್ಟಿಗೆ ತೆಗೆದರೆ ಒಳಗೆ ಬರೀ ಮಖಮಲ್ ಇತ್ತು. ಅಜ್ಜಿಯ ಕಾಲದ ಚಮಚ, ಫೋರ್ಕ್, ಚಾಕು, ಬಡಿಸುವ ಸೌಟು ಒಂದೂ ಇಲ್ಲ. ಥ್ಯಾಕ್ಸ್ಟನ್ ಬರ್ಮಿಂಗ್‌ಹ್ಯಾಮ್‌ನಿಂದ ಹೆಂಡತಿ ಮಾರ್ಲಿಸ್ ಜೊತೆ ಬಂದು, ಮನೆ ವಿಲೇವಾರಿ ಮಾಡಲೆಂದು ಅಲ್ಲೇ ಉಳಿದಿದ್ದ. ಮನೆ ಅವನಿಗೆ, ಬೆಳ್ಳಿ ಮಿಸೌರಿಯಲ್ಲಿರುವ ಅವನ ತಂಗಿಗೆ ಎಂದು ಕೋರಾಬೆತ್ ಎಲ್ಲರ ಮುಂದೆ ಹೇಳಿಟ್ಟಿದ್ದಳು. ಅವನು ಹೆಚ್ಚು ಯೋಚಿಸಲಿಲ್ಲ. "ಎಲ್ರೂ ಮಣ್ಣಿಗೆ ಹೋದಾಗ ಮನೇಲಿ ಒಬ್ಬಳೇ ಇದ್ದದ್ದು ಯಾರು?" ಎಂದು ಪೊಲೀಸರಿಗೆ ಫೋನ್ ಮಾಡಿದ.

ನಮ್ಮ ಪೊಲೀಸ್ ಡೆಪ್ಯುಟಿ ಡ್ಯೂಯಿ ಓಡಮ್ ಐಡೆಲ್ಲಾಳ ಮನೆಗೆ ಹೋಗಿ, ಟೋಪಿ ಕೈಯಲ್ಲಿ ಹಿಡಿದು, ಅವಳ ಅಲಮಾರನ್ನು ಹುಡುಕಿದ. ಅವಳು ಅವನಿಗೆ ಸಿಹಿ ಟೀ ಕೊಟ್ಟಳು. ಮಂಗಳವಾರ ಪಾಸ್ಟರ್ ಬಂದು, ಎಲ್ಲ ಇತ್ಯರ್ಥವಾಗುವವರೆಗೆ ಅಡುಗೆಮನೆಯ ಕೀಲಿಕೈ ಕೊಟ್ಟುಬಿಟ್ಟರೆ ಎಲ್ಲರಿಗೂ ಸಮಾಧಾನ ಎಂದರು. ಅವರಿಗೂ ಟೀ ಕೊಟ್ಟು ಕೀಲಿಕೈ ಕೊಟ್ಟಳು. ಆಮೇಲೆ ಬಾಗಿಲು ಹಾಕಿಕೊಂಡವಳು ಹೊರಗೆ ಬರಲಿಲ್ಲ.

ಇದನ್ನು ಕೇಳಿ ನನಗೆ ಬಂದ ಸಿಟ್ಟು ಇವತ್ತಿಗೂ ಪೂರ್ತಿ ಇಳಿದಿಲ್ಲ. ಆ ಪಾಸ್ಟರ್ ನಮ್ಮೂರಿಗೆ ಬಂದ ಮೊದಲ ವಾರ ಅವರ ಮಕ್ಕಳಿಗೆ ಜ್ವರ ಬಂದಾಗ ಸೂಪ್ ಹೊತ್ತುಕೊಂಡು ಹೋದದ್ದು ಯಾರು? ಡ್ಯೂಯಿಯ ತಾಯಿಯ ಸಾವಿನಲ್ಲಿ ಮನೆ ಕಾದದ್ದು ಯಾರು? ಆಗ ಆ ಮನೆಯಿಂದ ಒಂದು ಟೀ ಚಮಚ ಹೋಗಿತ್ತೇ?

"ಎಲ್ಲರಿಗೂ ಸಮಾಧಾನ ಅಂತೆ!" ಎಂದು ನನ್ನ ಗೆಳತಿ ವಿನೆಲ್ ಸ್ಟೋಕ್ಸ್ ನನ್ನ ಅಡುಗೆಮನೆಯಲ್ಲಿ ಕುರ್ಚಿ ಎಳೆದುಕೊಂಡಳು. ಎಪ್ಪತ್ತು ದಾಟಿದ್ದಾಳೆ, ಎರಡು ಮಂಡಿಯೂ ಹೊಸದು, ನಾಲಿಗೆ ಮಾತ್ರ ಹಳೆಯದೇ. "ನನ್ನನ್ನ ಯಾರು ಕೇಳಿದ್ರು? ನನಗೆ ಸಮಾಧಾನ ಇಲ್ಲ."

"ನನ್ನ ಪಾತ್ರೆನೂ ಬಂದಿಲ್ಲ" ಎಂದೆ.

"ಐಡೆಲ್ಲಾ ಮರ್ಯಾದೆ ಹೋಗ್ತಿದೆ, ನಿನಗೆ ಪಾತ್ರೆ ಚಿಂತೆ."

"ಎರಡರ ಮೇಲೂ ಸಿಟ್ಟು ಮಾಡ್ಕೊಳ್ಳೋ ಶಕ್ತಿ ಇದೆ ಕಣೇ ನನಗೆ. ಭಾನುವಾರ ಮೇಜಿನ ಮೇಲೆ ಎಲ್ಲರದ್ದೂ ಇತ್ತು. ನಿನ್ನ ಖಾರದ ಮೊಟ್ಟೆ ತಟ್ಟೆನೂ ಇತ್ತು. ನಂದು ಒಂದೇ ಇರ್ಲಿಲ್ಲ. ಐಡೆಲ್ಲಾ ಯಾವತ್ತಾದ್ರೂ ಪಾತ್ರೆ ಕಳೆದಿದ್ದಾಳಾ?"

ವಿನೆಲ್ ಕುರ್ಚಿ ಹಿಂದಕ್ಕೆ ತಳ್ಳಿ ಎದ್ದಳು. "ಒಂದೇ ಮನೆಯಿಂದ ಒಂದೇ ದಿನ ಎರಡು ಸಾಮಾನು ಹೋಗಿದೆ" ಎಂದಳು. "ನಡಿ, ಅವಳ ಬಾಗಿಲು ಬಡಿಯೋಣ."

ಐಡೆಲ್ಲಾ ಬಾಗಿಲು ತೆಗೆಯಲು ಬಹಳ ಹೊತ್ತು ಮಾಡಿದಳು. ಚರ್ಚಿಗೆ ಹೋಗುವ ಉಡುಪು ಹಾಕಿಕೊಂಡಿದ್ದಳು. ಇನ್ನೊಂದು ಸಲ ಯಾರಾದರೂ ಮನೆ ಹುಡುಕಲು ಬಂದರೆ ನೈಟಿಯಲ್ಲಿ ಸಿಕ್ಕಿಬೀಳಬಾರದು ಎಂದು.

"ಟೀ ಕುಡೀತೀರಾ?" ಎಂದಳು.

"ನಿನ್ನ ಟೀ ಕುಡಿದವರೆಲ್ಲ ನಿನಗೆ ಮೋಸ ಮಾಡಿದ್ದಾರೆ, ನಮಗೆ ಬೇಡ" ಎಂದಳು ವಿನೆಲ್. "ಕೂತ್ಕೋ. ಅವತ್ತು ಊಟ ಆದ್ಮೇಲೆ ಯಾರು ಯಾರು ಏನೇನು ಹಿಡ್ಕೊಂಡು ಹೋದ್ರು, ಹೇಳು."

ಐಡೆಲ್ಲಾ ಎಂದಿನಂತೆ ಹಿಂಬಾಗಿಲಲ್ಲಿ ಫಾಯಿಲ್ ಸುರುಳಿ ಹಿಡಿದು ನಿಂತಿದ್ದಳಂತೆ. ಉಳಿದ ಅಡುಗೆಯನ್ನು ಕಾಗದದ ತಟ್ಟೆಗೆ ಹಾಕಿ, ಫಾಯಿಲ್ ಮುಚ್ಚಿ, ಹೋಗುವವರ ಕೈಗೆ ಕೊಟ್ಟಳು. ಪಾತ್ರೆಗಳೆಲ್ಲ ಒಳಗೇ ಉಳಿದವು. ಹಾಗೆಯೇ ನಡೆಯುವುದು, ಯಾವ ಮನೆಯಲ್ಲಾದರೂ.

"ಮಾರ್ಲಿಸ್ ಮಾತ್ರ ಮುಂಬಾಗಿಲಿಂದ ಕಾರಿಗೆ ಹೋದ್ಲು" ಎಂದಳು. "ಟವಲ್ ಸುತ್ತಿದ್ದ ಏನನ್ನೋ ಎರಡೂ ಕೈಯಲ್ಲಿ ತಬ್ಕೊಂಡು. ಮುಂದೆ ಓಡಿ ಹೋಗಿ ಜಾಲರಿ ಬಾಗಿಲು ಹಿಡಿದೆ ನಾನೇ. ಉಳಿದ ಕ್ಯಾಸರೋಲು, ಥ್ಯಾಕ್ಸ್ಟನ್‌ಗೆ ಇಷ್ಟ ಅಂದ್ಲು."

"ಯಾವ ಕ್ಯಾಸರೋಲ್?" ಎಂದೆ ನಾನು.

"ಕೋಳಿದು ಅಂದ್ಲು."

ಕೋಳಿ ಕ್ಯಾಸರೋಲ್ ತಂದದ್ದು ಇಡೀ ಊರಿನಲ್ಲಿ ನಾನೊಬ್ಬಳೇ. ಅದು ಉಳಿಯಿತೇ? ನನ್ನ ಕ್ಯಾಸರೋಲ್ ಉಳಿಯಿತು ಎಂದು ನನ್ನೆದುರಿಗೇ ಹೇಳುತ್ತಾಳೆ! "ಪಾಸ್ಟರ್ ಕೊನೇ ಮೂಲೆ ಚಮಚದಲ್ಲಿ ಕೆರೆದು ತಿಂದಿದ್ದು ನಾನೇ ನೋಡಿದೀನಿ. ಅಗುಳೂ ಇರ್ಲಿಲ್ಲ!"

"ಸಮಾಧಾನ ಮಾಡ್ಕೋ ಮಾರಾಯ್ತಿ, ಎಲ್ರಿಗೂ ಗೊತ್ತು ನಿನ್ನ ಕ್ಯಾಸರೋಲ್ ವಿಷ್ಯ" ಎಂದಳು ವಿನೆಲ್. ಆಮೇಲೆ ಅವಳ ಮುಖ ಬದಲಾಯಿತು. "ಅವಳು ಬರುವಾಗ ತಂದಿದ್ದು ಏನು, ಐಡೆಲ್ಲಾ?"

"ಕರಿದ ಕೋಳಿ. ರಟ್ಟಿನ ಡಬ್ಬಿ. ಬೆಲೆ ಚೀಟಿ ಹಾಗೇ ಇತ್ತು. ದೇವರು ಅವಳಿಗೆ ಒಳ್ಳೇದು ಮಾಡ್ಲಿ."

ನಮ್ಮೂರಿನಲ್ಲಿ ಈ ಮಾತನ್ನು ಯಾರ ಬಗ್ಗೆ, ಯಾವ ದನಿಯಲ್ಲಿ ಹೇಳುತ್ತೇವೆ ಎನ್ನುವುದರ ಮೇಲೆ ಅದು ಪ್ರಾರ್ಥನೆಯೋ ಬೈಗುಳವೋ ತಿಳಿಯುತ್ತದೆ.

"ರಟ್ಟಿನ ಡಬ್ಬೀಲಿ ತಂದವಳು ಪಿಂಗಾಣಿ ಪಾತ್ರೇಲಿ ಹೊತ್ಕೊಂಡು ಹೋದ್ಲು" ಎಂದೆ. "ಅದೂ ಖಾಲಿ ಪಾತ್ರೆ. ಎರಡೂ ಕೈಯಲ್ಲಿ ತಬ್ಕೊಂಡು."

"ಭಾರ ಇತ್ತು" ಎಂದಳು ಐಡೆಲ್ಲಾ ಮೆಲ್ಲಗೆ. "ಗಲಗಲ ಅಂತಿತ್ತು. ಬಡಿಸೋ ಚಮಚ ಒಳಗೇ ಉಳಿದಿರಬೇಕು ಅನ್ಕೊಂಡೆ. ಯಾರ ಪಾತ್ರೆನಮ್ಮಾ ಅಂತ ಬಾಯಿ ತನಕ ಬಂತು. ಸಾವಾದ ಮನೆಯವಳು, ಹೇಗೆ ಕೇಳೋದು?"

ಒಳ್ಳೆಯವರ ನಾಚಿಕೆ ಕಳ್ಳರಿಗೆ ಎಷ್ಟು ಅನುಕೂಲ ನೋಡಿ. ಆ ಹೆಂಗಸು ಐಡೆಲ್ಲಾ ಹಿಡಿದ ಬಾಗಿಲಿನಿಂದಲೇ ಬೆಳ್ಳಿ ಸಾಗಿಸಿ, ಎರಡು ದಿನದ ನಂತರ ಗಂಡ ಅದೇ ಐಡೆಲ್ಲಾಳ ಹೆಸರು ಹೇಳುವಾಗ ಪಕ್ಕದಲ್ಲಿ ನಿಂತು ಕೇಳಿಸಿಕೊಂಡಳು. ಕದ್ದದ್ದನ್ನು ನಾನು ಕ್ಷಮಿಸಿದರೂ ಕ್ಷಮಿಸಿಯೇನು. ಆ ಸುಮ್ಮನಿದ್ದದ್ದನ್ನಲ್ಲ.

"ಡ್ಯೂಯಿಗೆ ಹೇಳೋಣ" ಎಂದೆ.

"ಏನಂತ? ಫ್ಲೋರೀನ್ ಕ್ಯಾಸರೋಲ್ ಉಳಿಯೋದು ಸಾಧ್ಯಾನೇ ಇಲ್ಲ, ಹಿಡ್ಕೊಂಡು ಬಾ ಅಂತಾನಾ?" ಎಂದು ವಿನೆಲ್ ಎದ್ದಳು. "ಅವಳು ಅದನ್ನ ಮಾರೋಕೆ ಒಬ್ಬಳೇ ಹೊರಗೆ ಹೋಗಬೇಕು. ಇರೋದು ಒಂದೇ ಕಾರು, ಓಡಿಸೋನು ಗಂಡ. ಇನ್ನೂ ಡಿಕ್ಕೀಲೇ ಇರತ್ತೆ ನೋಡು. ನೀನು ಪೌಂಡ್ ಕೇಕ್ ಮಾಡು. ಡ್ಯೂಯಿನ ನಾನು ಕರ್ಕೊಂಡು ಬರ್ತೀನಿ. ಭಾನುವಾರದ ಶಾಲೇಲಿ ಅವನಿಗೆ ಬೈಬಲ್ಲಿನ ಹತ್ತು ಆಜ್ಞೆ ಬಾಯಿಪಾಠ ಮಾಡಿಸಿದ್ದು ನಾನು. ಎಂಟನೇದು ಇನ್ನೂ ಬಾಕಿ ಇದೆ ಅಂತೀನಿ."

ಗುರುವಾರ ಮಧ್ಯಾಹ್ನ ನಾವು ಮೂವರು ಹೆಂಗಸರು, ಡ್ಯೂಯಿ ಮತ್ತು ಕೇಕು ಕೋರಾಬೆತ್‌ಳ ವರಾಂಡಕ್ಕೆ ಹೋದೆವು. ಐಡೆಲ್ಲಾ ಬರುವುದಿಲ್ಲ ಎಂದಿದ್ದಳು. ವಿನೆಲ್ ಅವಳ ಕೈಚೀಲ ತೆಗೆದುಕೊಂಡು ಮುಂದೆ ನಡೆದದ್ದರಿಂದ ಬರಲೇಬೇಕಾಯಿತು.

ಥ್ಯಾಕ್ಸ್ಟನ್ ಅವಳನ್ನು ನೋಡಿ ಮುಖ ಗಂಟಿಕ್ಕಿದ. "ಇವರನ್ನ ಯಾಕೆ ಕರ್ಕೊಂಡು ಬಂದ್ರಿ?"

"ಕೇಕ್ ತಂದಿದೀವಪ್ಪ" ಎಂದಳು ವಿನೆಲ್. ಕೇಕ್ ಹಿಡಿದು ಬಂದವರನ್ನು ಮೆಟ್ಟಿಲಿನಿಂದ ವಾಪಸ್ ಕಳಿಸುವವನು ಅಲಬಾಮಾದಲ್ಲಿ ಇನ್ನೂ ಹುಟ್ಟಿಲ್ಲ. ಎಲ್ಲರೂ ಕೂತೆವು. ಮಾರ್ಲಿಸ್ ತಟ್ಟೆ ತಂದಳು. ಡ್ಯೂಯಿ ತಿನ್ನತೊಡಗಿದ. ಸೆಕೆ ಬಗ್ಗೆ, ಸೊಳ್ಳೆ ಬಗ್ಗೆ, ಕೋರಾಬೆತ್ ಎಷ್ಟು ಒಳ್ಳೆಯವಳು ಎನ್ನುವ ಬಗ್ಗೆ ಮಾತಾಯಿತು. ನಾನು ಅಷ್ಟು ಹೊತ್ತು ಹೇಗೆ ತಡೆದುಕೊಂಡೆನೋ ತಿಳಿಯದು.

"ನನ್ನ ಪಾತ್ರೆ ತಗೊಂಡು ಹೋಗೋಣ ಅಂತ ಬಂದೆ" ಎಂದೆ. "ಬಿಳೀದು, ನೀಲಿ ಹೂವಿಂದು."

"ನಮ್ಮತ್ರ ಯಾರ ಪಾತ್ರೆನೂ ಇಲ್ವಲ್ಲ" ಎಂದಳು ಮಾರ್ಲಿಸ್, ಜೇನಿನಂಥ ದನಿಯಲ್ಲಿ.

"ಇದ್ಯಲ್ಲೇ, ಡಿಕ್ಕೀಲಿ!" ಎಂದ ಥ್ಯಾಕ್ಸ್ಟನ್. ಪಾಪ, ಅವನಿಗೆ ಏನೂ ಗೊತ್ತಿರಲಿಲ್ಲ ಎಂದು ನನಗೆ ಆಗಲೇ ಖಾತ್ರಿಯಾಯಿತು. "ಟವಲ್ ಸುತ್ತಿರೋದು. ಬದೀಲಿ ನೀಲಿ ಹೂವು ಕಾಣ್ತಿತ್ತು. ತಿರುವಿನಲ್ಲೆಲ್ಲ ಗಡಗಡ ಅನ್ನುತ್ತೆ. ನಿಮ್ಮಮ್ಮಂದು ಅಂತ ನೀನೇ ಅಂದಿದ್ದೆ."

"ಹೌದು, ಅದು ಅಮ್ಮಂದು" ಎಂದಳು ಮಾರ್ಲಿಸ್. ಜೇನು ಸ್ವಲ್ಪ ತೆಳುವಾಗಿತ್ತು.

"ಹಾಗಾದ್ರೆ ತಳದಲ್ಲಿ ನಿಮ್ಮಮ್ಮನ ಹೆಸರು ಇರುತ್ತೆ" ಎಂದೆ. "ನೋಡಿಬಿಟ್ರೆ ಮುಗೀತು. ನಾನು ಕೇಕ್ ಇಲ್ಲೇ ಬಿಟ್ಟು ಮನೆಗೆ ಹೋಗ್ತೀನಿ."

"ಥ್ಯಾಕ್ಸ್ಟನ್, ಬೇಡ, ಈ ಬಿಸಿಲಲ್ಲಿ—"

"ಒಂದು ನಿಮಿಷದ ಕೆಲಸ" ಎಂದು ಅವನು ಎದ್ದು ಹೋದ. ಮುದುಕಿಯರನ್ನು ಸಾಗಹಾಕುವ ಆತುರ ಅವನಿಗೆ. ಡಿಕ್ಕಿ ತೆರೆದ, ಬಗ್ಗಿದ, "ಏನಿದು, ಇಷ್ಟೊಂದು ಭಾರ!" ಎಂದು ಗೊಣಗುತ್ತಾ ಟವಲ್ ಬಿಚ್ಚಿಕೊಂಡೇ ಮೆಟ್ಟಿಲು ಹತ್ತಿದ. ಮೇಲೆ ಫಾಯಿಲ್ ಬಿಗಿಯಾಗಿ ಮುಚ್ಚಿತ್ತು.

ತುಂಬಿದ ಪಾತ್ರೆಯ ತಳ ನೋಡಬೇಕಾದರೆ ನಮ್ಮೂರಿನ ಹೆಂಗಸರು ಅದನ್ನು ತಲೆಯ ಮಟ್ಟಕ್ಕೆ ಎತ್ತಿ ಕೆಳಗಿನಿಂದ ನೋಡುತ್ತಾರೆ. ಥ್ಯಾಕ್ಸ್ಟನ್‌ಗೆ ಅದನ್ನು ಯಾರು ಕಲಿಸಿದ್ದಾರೆ? ಅವನು ಪಾತ್ರೆಯನ್ನು ಓರೆ ಮಾಡಿದ.

ಫಾಯಿಲ್ ಹರಿಯಿತು. ಮೊದಲು ಚಾಕುಗಳು, ಅವುಗಳ ಹಿಂದೆ ಫೋರ್ಕುಗಳು, ಆಮೇಲೆ ಚಮಚಗಳು ವರಾಂಡದ ಹಲಗೆಯ ಮೇಲೆ ಸುರಿದವು. ಕೊನೆಗೆ ಕೋರಾಬೆತ್‌ಳ ಸೌಟು ಮೆಟ್ಟಿಲಿನಿಂದ ಮೆಟ್ಟಿಲಿಗೆ ಕುಪ್ಪಳಿಸಿ ಹೈಡ್ರೇಂಜಾ ಗಿಡದೊಳಗೆ ಹೋಯಿತು. ಬೆಳ್ಳಿ ಬಿದ್ದರೆ ಬೀಳಲಿ ಎಂದು ನಾನು ಎರಡೂ ಕೈಯಿಂದ ಪಾತ್ರೆ ಹಿಡಿದುಕೊಂಡೆ.

ಡ್ಯೂಯಿಯ ಬಾಯಿಯಲ್ಲಿ ಕೇಕ್ ಇತ್ತು.

"ತಟ್ಟೆ ಕೆಳಗಿಡು ಡ್ಯೂಯಿ" ಎಂದಳು ವಿನೆಲ್. "ಎಂಟನೇ ಆಜ್ಞೆ ಹೇಳು."

"ಕದಿಯಬಾರದು, ಮೇಡಂ" ಎಂದ ಅವನು, ನುಂಗಿಕೊಂಡು.

ನಾನು ಪಾತ್ರೆ ಎತ್ತಿ ಹಿಡಿದು ಥ್ಯಾಕ್ಸ್ಟನ್‌ಗೆ ತಳ ತೋರಿಸಿದೆ. ಅವನು ನನ್ನ ಹೆಸರು ಓದಿದ. ಹೆಂಡತಿಯ ಕಡೆ ತಿರುಗಿದ. "ನಿನ್ನ ತಂಗಿ ಆ ಬೆಳ್ಳೀನ ಉಪಯೋಗಿಸೋದೇ ಇಲ್ಲ ಥ್ಯಾಕ್ಸ್ಟನ್, ಅವಳು ಪ್ಲಾಸ್ಟಿಕ್ ತಟ್ಟೇಲಿ ತಿನ್ನೋಳು" ಎಂದು ಮಾರ್ಲಿಸ್ ಅಳತೊಡಗಿದಳು.

ಐಡೆಲ್ಲಾ ಬಗ್ಗಿ ಒಂದು ಚಮಚ ಎತ್ತಿ, ತನ್ನ ಕರವಸ್ತ್ರದ ತುದಿಯಲ್ಲಿ ಒರೆಸಿದಳು.

"ನಾನು ಬಾಗಿಲು ಹಿಡಿದೆ ನಿಂಗೆ" ಎಂದಳು. "ಭಾರ ಇದೆ, ಜೋಪಾನ ಅಂದೆ. ನನ್ನ ಅಲಮಾರು ಹುಡುಕಿದ್ರಲ್ಲ, ಅವತ್ತೊಂದು ಮಾತು ಹೇಳ್ಬಾರದಿತ್ತಾ, ಮಗಳೇ?"

ಥ್ಯಾಕ್ಸ್ಟನ್ ಟೋಪಿಯಿಲ್ಲದ ತಲೆಯ ಮೇಲೆ ಕೈಯಿಟ್ಟುಕೊಂಡು, "ಮಿಸ್ ಐಡೆಲ್ಲಾ, ನಾನು..." ಎಂದು ಅಲ್ಲಿಗೇ ನಿಂತ. ಮುಂದಿನದನ್ನು ವಾರ ಕಳೆದ ಮೇಲೆ, ಊರವರೆಲ್ಲ ಇದ್ದ ಚರ್ಚಿನಲ್ಲಿ ಎದ್ದು ನಿಂತು ಹೇಳಿದ. ವಿನೆಲ್ ಅವನಿಗೆ ಬೇರೆ ದಾರಿ ಬಿಟ್ಟಿರಲಿಲ್ಲ.

ಮಾರ್ಲಿಸ್‌ಳನ್ನು ಯಾರೂ ಎಲ್ಲಿಗೂ ಎಳೆದುಕೊಂಡು ಹೋಗಲಿಲ್ಲ. ಅದು ಮನೆಯೊಳಗಿನ ವಿಷಯವಂತೆ, ತಂಗಿ ದೂರು ಕೊಡುವುದಿಲ್ಲವಂತೆ. ಐಡೆಲ್ಲಾ ಕದ್ದಳು ಅಂದಾಗ ಊರಿನ ವಿಷಯ, ಸೊಸೆ ಕದ್ದಳು ಅಂದಾಗ ಮನೆಯ ವಿಷಯ. ಇದನ್ನು ನಾನು ಪಾಸ್ಟರ್ ಮುಖಕ್ಕೇ ಹೇಳಿದೆ. ಅವರು ಕೆಮ್ಮಿದರು.

ಕೀಲಿಕೈಯನ್ನು ಅವರೇ ಐಡೆಲ್ಲಾಳ ಮನೆಗೆ ಒಯ್ದರು. ಅವಳು ತೆಗೆದುಕೊಂಡಳು. ಈ ಸಲ ಟೀ ಕೊಡಲಿಲ್ಲ. "ಅಡುಗೆಮನೆ ನೋಡ್ಕೊಳ್ತೀನಿ ಪಾಸ್ಟರ್. ಆದ್ರೆ ಇನ್ಮೇಲೆ ಯಾರ ಸಾವಿಗೂ ಮನೆ ಕಾಯೋಕೆ ಕೂರೋದಿಲ್ಲ. ನಾನೂ ಎಲ್ಲರ ಹಾಗೆ ಮಣ್ಣಿಗೆ ಹೋಗ್ತೀನಿ" ಎಂದಳು. ಮಾತಿಗೆ ತಪ್ಪಿಲ್ಲ. ಈಗ ಆ ಕೆಲಸವನ್ನು ನಾನೂ ವಿನೆಲ್ಲೂ ಸರದಿಯಲ್ಲಿ ಮಾಡುತ್ತೇವೆ. ಅವಳಷ್ಟು ಚೆನ್ನಾಗಿ ಇಬ್ಬರಿಗೂ ಬರುವುದಿಲ್ಲ.

ಬೆಳ್ಳಿ ಮಿಸೌರಿಗೆ ಹೋಯಿತು. ನನ್ನ ಪಾತ್ರೆ ಮನೆಗೆ ಬಂತು, ಚಾಕು ತಗುಲಿ ಒಂದು ಅಂಚು ಒಡೆದಿದೆ. ಐಡೆಲ್ಲಾಳಿಗೆ ಅವಳ ಹೆಸರು ಮತ್ತು ಕೀಲಿಕೈ ವಾಪಸ್ ಸಿಕ್ಕವು. ಕೋರಾಬೆತ್‌ಳನ್ನು ಮಣ್ಣಿಗಿಡುವಾಗ ಅವಳು ಅಲ್ಲಿರಲಿಲ್ಲ. ಆ ಹೊತ್ತು ಮಾತ್ರ ವಾಪಸ್ ಸಿಗಲಿಲ್ಲ.