ಕಿಟಕಿಯ ಮುಂದೆ ನಿಂತ ಅಪ್ಪ

“ಅಪ್ಪನ ಮಾರಿ ಎಲ್ಲಿ ಐತ್ರಿ ಅಣ್ಣಾರ?” ಅನ್ನಪೂರ್ಣಾ ಮಾನಿಟರಿಗೆ ಮೂಗು ತಾಗುವಷ್ಟು ಬಾಗಿದಳು.

ನಾಸಿರ ಕುರ್ಚಿ ಹಿಂದೆ ಸರಿಸಿ ಜಾಗ ಬಿಟ್ಟ. ಬೈಲಹೊಂಗಲದ ಅವನ ಪುಟ್ಟ ಸ್ಟುಡಿಯೋದಲ್ಲಿ, ಅವನೇ ತೆಗೆದ ಅವಳ ಮದುವೆಯ ವಿಡಿಯೊ ಒಂದೇ ಕಡೆ ನಿಂತಿತ್ತು. ಚಚಡಿ ಹಳ್ಳಿಯ ಅವಳ ತವರುಮನೆಯ ಒಳಕೋಣೆ. ತಲೆ ತಗ್ಗಿಸಿ ಕುಳಿತ ಮದುಮಗಳು. ಅವಳ ತಲೆಯ ಮೇಲೆ ಕೈ ಇಟ್ಟ ಅಪ್ಪ ನಿಜಗುಣಪ್ಪ. ಅವನ ಹಿಂದೆ ಬೆಳ್ಳಗೆ ಉರಿಯುವ ಕಿಟಕಿ. ರುಮಾಲಿನ ಅಂಚಿಗೆ, ಕಿವಿಗೆ, ಬೆರಳುಗಳಿಗೆ ಬೆಳಕಿನ ತೆಳು ಗೆರೆ. ಮುಖ ಮಾತ್ರ ಕಪ್ಪು.

ಮಗಳು ತಾನು ಮೆಚ್ಚಿದ ಹುಡುಗನೇ ಬೇಕೆಂದು ಹಟ ಹಿಡಿದಾಗಿನಿಂದ ನಿಜಗುಣಪ್ಪ ಅವಳೊಂದಿಗೆ ಮಾತು ಬಿಟ್ಟಿದ್ದ. ಎರಡು ವರ್ಷ. ಸೋದರಮಾವಂದಿರು ನಿಂತು ಮದುವೆ ಮಾಡಿದ್ದರು. ಅಂದು ಯಾರೂ ಕರೆಯದೆ ಅವನೇ ಕೋಣೆಗೆ ಬಂದ, ಕೈ ಇಟ್ಟ, ಮಾತಾಡದೆ ಹೋದ. ಮದುವೆಯಾದ ಹನ್ನೊಂದನೆಯ ದಿನ ಹೊಲದಲ್ಲಿ ಎದೆ ಹಿಡಿದುಕೊಂಡು ಕುಳಿತವನು ಏಳಲಿಲ್ಲ.

“ಬೈತಾನಂತ ಹೆದರಿ ನಾ ತಲಿನ ಎತ್ತಲಿಲ್ರಿ. ಸಿಟ್ಟಿಲೆ ಕೈ ಇಟ್ನೋ, ಮನಸಾರೆ ಇಟ್ನೋ... ಮಾರಿ ನೋಡಿದ್ರ ಗೊತ್ತಾಗತೈತಿ.”

ಬೆಂಚಿನ ಮೇಲಿದ್ದ ಅವ್ವ ಸಿದ್ದಲಿಂಗವ್ವ ಕೇಳಿದಳು: “ಅಷ್ಟ ದೊಡ್ಡ ಕ್ಯಾಮೆರಾ ಹೊತ್ಕೊಂಡ ತಿರಗತಿ. ಒಂದ ಲೈಟ್ ಹಚ್ಚಾಕ ಏನಾಗಿತ್ತೋ ತಮ್ಮಾ?”

ಅಂದು ಆ ಕೋಣೆಯಲ್ಲಿ ಉರಿಯುತ್ತಿದ್ದ ಟ್ಯೂಬ್‌ಲೈಟನ್ನು ನಾಸಿರನೇ ಆರಿಸಿದ್ದ. ಮೂರು ವರ್ಷಗಳಿಂದ ಪೋಲೆಂಡಿನ ಒಬ್ಬ ಮುದಿ ಛಾಯಾಗ್ರಾಹಕ ಅವನ ತಲೆಯೊಳಗೆ ಕೂತಿದ್ದ. ಆತನ ಸಿನಿಮಾಗಳನ್ನೆಲ್ಲ ನಾಸಿರ ಮೊಬೈಲಿನಲ್ಲಿ ನಿಲ್ಲಿಸಿ ನಿಲ್ಲಿಸಿ ನೋಡಿದ್ದ. ಗಣಿ ಕೂಲಿಗಳ ಕಪ್ಪು-ಬಿಳುಪು ಚಿತ್ರಗಳಿಂದ ಶುರುಮಾಡಿದವನು ದೇಶ ದೇಶಗಳಿಂದ ಕರೆ ಬಂದ ಮೇಲೂ ಒಂದೇ ಕಿಟಕಿಯಿಂದ ಬರುವ ಬೆಳಕಿನಲ್ಲಿ ಚಿತ್ರಿಸುವುದನ್ನು ಬಿಡಲಿಲ್ಲ. ಮುಖ ಕಾಣದಿದ್ದರೆ ನೋಡುವವರು ತಾವೇ ಹುಡುಕುತ್ತಾರೆ ಎಂದು ಒಂದು ಸಂದರ್ಶನದಲ್ಲಿ ಹೇಳಿದ್ದ. ನಾಸಿರ ಅದನ್ನು ಬರೆದಿಟ್ಟುಕೊಂಡಿದ್ದ. ಗೆಳೆಯರು ಅವನನ್ನು ‘ಕತ್ತಲಿ ನಾಸಿರ’ ಎಂದು ಕಾಡಿಸುತ್ತಿದ್ದರು.

“ನೀವರ ನೋಡೀರಲ್ಲರಿ?” ಅನ್ನಪೂರ್ಣಾ ಅವನತ್ತ ತಿರುಗಿದಳು. “ಎದುರಿಗೇ ಇದ್ರಿ. ಅಪ್ಪ ಹೆಂಗ ಇದ್ದ?”

ನಗುತ್ತಿದ್ದರು ಎನ್ನಬಹುದಿತ್ತು. ಕಣ್ಣಲ್ಲಿ ನೀರಿತ್ತು ಎಂದರೂ ನಡೆಯುತ್ತಿತ್ತು. ನಾಸಿರ ನೆನಪಿಸಿಕೊಂಡ. ರುಮಾಲಿನಿಂದ ಎದ್ದು ನಿಂತ ಒಂದು ನೂಲಿನ ಎಳೆ, ಬಿಸಿಲಲ್ಲಿ ತೇಲುತ್ತಿದ್ದ ಧೂಳು. ಅಷ್ಟೇ.

“ನಾ ಬೆಳಕ ನೋಡಾಕ ಹತ್ತಿದ್ದೆರಿ ಅಕ್ಕಾರ.”

ಸಿದ್ದಲಿಂಗವ್ವ ಎದ್ದಳು. “ನಡಿಯವಾ, ಬಸ್ ಹೋಗತೈತಿ.”

ಅನ್ನಪೂರ್ಣಾ ಏಳಲಿಲ್ಲ. “ಬೆಳಕ ಏರಸಾಕ ಬರತೈತಲ್ಲರಿ? ಏರಸ್ರಿ.”

ಏರಿಸಿದ. ಕಪ್ಪಿನೊಳಗೆ ಇರುವೆ ಮುತ್ತಿದಂತೆ ಬೂದು ಚುಕ್ಕಿಗಳೆದ್ದವು. ಕಣ್ಣು ಯಾವುದು, ಮೀಸೆ ಯಾವುದು ತಿಳಿಯಲಿಲ್ಲ.

“ಇನ್ನೊಂಚೂರು.”

ಕಿಟಕಿಯ ಬಿಳುಪು ಹರಡಿ ರುಮಾಲನ್ನು ನುಂಗಿತು.

“ಇನ್ನೊಂಚೂರು.”

ಮಾನಿಟರ್ ಪೂರ್ತಿ ಬೆಳ್ಳಗಾಯಿತು. ಆ ಬೆಳಕು ಅವಳ ಮುಖಕ್ಕೆ ಬಡಿಯಿತು. ಹರಡಿದ ಕಾಡಿಗೆ, ಒಣಗಿದ ತುಟಿ, ಮಿಟುಕದ ಕಣ್ಣು, ಒಂದೂ ಬಿಡದೆ ಕಾಣುತ್ತಿತ್ತು.