ಮೊದಲ ಮುಷ್ಟಿ

“ಆಕಿ ಕೈ ಹಚ್ಚಿದ್ರ ನಾ ಎತ್ತು ಹೊಡಿಯಾಂವಲ್ಲ. ನಿನ್ನ ಟಿವಿ ನೀನ ಹೊತ್ಕೊಂಡು ಹೋಗು,” ಎಂದವನೇ ರಾಚಪ್ಪ ಬಾರುಕೋಲನ್ನು ಎರೆಮಣ್ಣಿಗೆ ಚುಚ್ಚಿ, ಕ್ಯಾಮೆರಾಕ್ಕೆ ಬೆನ್ನು ತಿರುಗಿಸಿ ನಿಂತ.

ಆಕಿ ಎಂದರೆ ರಾಮವ್ವ. ರಾಚಪ್ಪನಿಗೆ ತಂಗಿ, ಟಿವಿ ನಾಟಕ ತೆಗೆಯಲು ಬಂದಿದ್ದ ಮಡಿವಾಳಪ್ಪನಿಗೆ ಅಕ್ಕ. ಹರೆಯದಲ್ಲೇ ಗಂಡನನ್ನು ಕಳೆದುಕೊಂಡು ತವರಿಗೆ ಬಂದವಳು. ಹಿಂಗಾರಿ ಬಿತ್ತಿಗೆಯ ದಿನ ಬೀಜ ಬಿತ್ತುವ ಕೂರಿಗೆಗೆ ಕಾಯಿ ಒಡೆದು, ಮುತ್ತೈದೆಯೊಬ್ಬಳು ಅದರ ಬಟ್ಟಲಿಗೆ ಮೊದಲ ಮುಷ್ಟಿ ಜೋಳ ಬಿಟ್ಟು, ಒಂದು ಸಾಲು ಮುಗಿಯುವವರೆಗೆ ಅವಳು ಬೇವಿನ ಗಿಡದ ಮರೆಗೆ ನಿಂತಿರಬೇಕು. ಆಮೇಲೆ ಕರೆ ಬರುತ್ತದೆ. ಅಲ್ಲಿಂದ ಹೊತ್ತು ಮುಳುಗುವವರೆಗೆ ಸೊಂಟ ಬಗ್ಗಿಸಿ ಬಿತ್ತುವವಳು ಅವಳೇ. ಆಗ ಮಾತ್ರ ಅವಳ ಕೈಯ ಮೈಲಿಗೆ ಎಲ್ಲಿಗೆ ಹೋಗುತ್ತದೋ! ಬಸವಣ್ಣನ ಬಾಗೇವಾಡಿ ನಮ್ಮ ತಾಲೂಕೇ ಎಂದು ಪರವೂರಿನವರ ಮುಂದೆ ಎದೆಯುಬ್ಬಿಸುವ ಹೂವಿನ ಹಿಪ್ಪರಗಿಯ ಮಂದಿಗೆ ಇದರಲ್ಲಿ ಯಾವ ತಪ್ಪೂ ಕಂಡಿರಲಿಲ್ಲ.

ಮಡಿವಾಳಪ್ಪನಿಗೂ ಬಹಳ ವರ್ಷ ಕಂಡಿರಲಿಲ್ಲ, ಅದನ್ನು ಮುಚ್ಚಿಡುವುದೇಕೆ? ಮೀಸೆ ಮೂಡುವ ಮೊದಲೇ ನಾಟಕ ಕಂಪನಿಯ ಬೆನ್ನು ಹತ್ತಿ ಓಡಿಹೋದವನು. ಇಂಡಿ, ಸಿಂದಗಿ, ಮುದ್ದೇಬಿಹಾಳ ಎಂದು ಕ್ಯಾಂಪು ಹಾಕಿದಲ್ಲೆಲ್ಲ ಸೀರೆ ಉಟ್ಟು ನಾಯಕಿಯಾಗಿ ಅತ್ತು, ಪರದೆಯ ಪೆಟ್ಟಿಗೆಯ ಮೇಲೆ ಮಲಗಿ ಬೆಳೆದ. ಆಮೇಲೆ ರೇಡಿಯೋ, ಆಮೇಲೆ ಪುಣೆಯಲ್ಲಿ ತರಬೇತಿ. ಈಗ ಆಕಾಶದ ಉಪಗ್ರಹದಿಂದ ಹಳ್ಳಿಯ ಸಾಲೆಗೆ ಟಿವಿ ಬರುವ ಕಾಲ. ಸಾಲೆಯ ಅಂಗಳದಲ್ಲಿ ತಂತಿಬಲೆಯ ದೊಡ್ಡ ಕೊಡೆಯಂಥ ಆಂಟೆನಾ ನಿಲ್ಲಿಸಿದ್ದರು. ಸಂಜೆಯಾದರೆ ಊರಿಗೆ ಊರೇ ಅದರ ಮುಂದೆ ಕೂಡುತ್ತಿತ್ತು. ಆ ಮಂದಿಗಾಗಿ ನಾಟಕ ತೆಗೆಯುವುದು ಅವನ ನೌಕರಿ. ಮೇಲಿನವರ ಪ್ರಕಾರ ನಾಟಕ ಎಂದರೆ ಒಬ್ಬ ದಡ್ಡ ರೈತ, ಒಬ್ಬ ಜಾಣ ಅಧಿಕಾರಿ. ಕಡೆಗೆ ರೈತ ಕೈ ಮುಗಿದರೆ ಮುಗಿಯಿತು. ಹಾಗೆ ಕೈ ಮುಗಿಸಿ ಮುಗಿಸಿ ಮಡಿವಾಳಪ್ಪನಿಗೆ ಹೇಸಿಗೆ ಬಂದಿತ್ತು.

ಈ ಸಲದ್ದು ಸುಧಾರಿತ ಜೋಳದ ಬೀಜದ ನಾಟಕ. ಕೊನೆಯ ದೃಶ್ಯಕ್ಕೆ ಅಣ್ಣನ ಹೊಲ, ಅಣ್ಣನ ಎತ್ತು, ಬೀಜ ಬಿಡಲು ಅಣ್ಣನ ಹೆಂಡತಿ ರುಕ್ಮವ್ವ. ಬೆಳಿಗ್ಗೆ ಅವನೊಂದು ಎಡವಟ್ಟು ಮಾಡಿಕೊಂಡ. “ಅಣ್ಣಾ, ತಾಲೀಮಿಗೆ ಒಮ್ಮೆ ಖಾಲಿ ಕೂರಿಗಿ ಹೊಡಿ,” ಎಂದುಬಿಟ್ಟ.

“ಖಾಲಿ ಕೂರಿಗಿ ಹೊಲದಾಗ ಎಳಿತಾರೇನೋ? ಹೊಲ ಬಂಜಿ ಮಾಡಾಕ ಬಂದಿ ಏನ?” ರಾಚಪ್ಪ ಗದರಿದ. “ಬಿತ್ತಿದ್ರ ಖರೇನ ಬಿತ್ತಬೇಕು. ಇದೇನ ನಿನ್ನ ಕಂಪನಿ ಸ್ಟೇಜ್ ಅಲ್ಲ.”

ರೈತನ ಮಗನಾಗಿ ಇದನ್ನು ಮರೆತೆನಲ್ಲ ಎಂದು ಮಡಿವಾಳಪ್ಪನಿಗೆ ನಾಚಿಕೆಯಾಯಿತು. ನಾಚಿಕೆಯ ಹಿಂದೆಯೇ ಇನ್ನೊಂದು ಯೋಚನೆ ಬಂತು. ಖರೆ ಬೀಜ, ಖರೆ ಹೊಲ. ಹಾಗಾದರೆ ವರ್ಷವಿಡೀ ಈ ಹೊಲದಲ್ಲಿ ದುಡಿಯುವ ಖರೆ ಕೈ ಮಾತ್ರ ಗಿಡದ ಮರೆಗೆ ಯಾಕೆ? ಪೂಜೆ ಮುಗಿಯುತ್ತಿದ್ದಂತೆ ನೆಟ್ಟಗೆ ಹೋಗಿ ಅಕ್ಕನ ಕೈ ಹಿಡಿದು ಕರೆತಂದು ಕೂರಿಗೆಯ ಹಿಂದೆ ನಿಲ್ಲಿಸಿದ. ರಾಚಪ್ಪ ಕೆರಳಿದ್ದು ಆಗಲೇ.

ಜೀಪಿನ ನೆರಳಲ್ಲಿ ಕುಳಿತಿದ್ದ ಮೇಲಧಿಕಾರಿ ಕರವಸ್ತ್ರದಿಂದ ಕುತ್ತಿಗೆ ಒರೆಸಿಕೊಳ್ಳುತ್ತ ಬಂದರು. “ಮಡಿವಾಳಪ್ಪನವರೇ, ಸ್ಕ್ರಿಪ್ಟಿನಲ್ಲಿ ಇದಿಲ್ಲ. ತುರ್ತು ಪರಿಸ್ಥಿತಿ ಇದೆ, ಕಾಲ ಸರಿಯಿಲ್ಲ. ಜನರನ್ನು ಕೆಣಕಿದರು ಅಂತ ಒಂದು ಮಾತು ಮೇಲೆ ಹೋದರೆ ನಿಮ್ಮ ಜೊತೆ ನನ್ನ ಕುರ್ಚಿಯೂ ಹೋಗುತ್ತೆ.”

“ಬೀಜ ಬದಲಿ ಮಾಡ್ರಿ ಅಂತ ಹೇಳಾಕ ಬಂದೇವಲ್ರಿ ಸಾಹೇಬ್ರ? ಬೀಜ ಬಿಡೋ ಕೈ ಬದಲಿ ಮಾಡಿದ್ರ ಏನಾತ್ರಿ?”

“ವಾದ ಬೇಡ. ಇದನ್ನು ತೆಗೆದರೆ ನಾಳೆಯಿಂದ ನೀವು ಈ ಕೆಲಸದಲ್ಲಿರುವುದಿಲ್ಲ.”

“ಇವತ್ತ ಇದ್ದೇನಲ್ರಿ,” ಎಂದ ಮಡಿವಾಳಪ್ಪ. ಸಾಹೇಬರು ಮುಖ ಕೆಂಪಗೆ ಮಾಡಿಕೊಂಡು ಜೀಪು ಹತ್ತಿದರು. ಎರೆಮಣ್ಣಿನ ಸೀಮೆ, ಜೀಪಿನ ಹಿಂದೆ ಕರಿಧೂಳು ಎದ್ದಿತು.

ಸಾಹೇಬರ ಬೆದರಿಕೆಗೆ ಜಗ್ಗದವನು ಅಕ್ಕನ ಮಾತಿಗೆ ಕುಸಿದ. “ಬ್ಯಾಡೋ ತಮ್ಮಾ,” ಎಂದಳು ರಾಮವ್ವ, ತಲೆ ಎತ್ತದೆ. “ನೀ ನಾಳೆ ಪ್ಯಾಟಿಗಿ ಹೋಗಾಂವ. ನಾ ಇಲ್ಲೇ ಉಣ್ಣಾಕಿ, ಇಲ್ಲೇ ಸಾಯಾಕಿ. ಮಳಿ ಹೋದ್ರ, ಹುಳ ಬಿದ್ರ, ಎಲ್ಲಾ ನನ್ನ ತಲಿಮ್ಯಾಲ ಹಾಕ್ತಾರ.”

ಅದು ಸುಳ್ಳಲ್ಲ. ಅವನಿಗೆ ಸಂಕಟವಾಯಿತು. ತನ್ನ ಹಟಕ್ಕೆ ಅವಳನ್ನು ಬಲಿ ಕೊಡುತ್ತಿದ್ದೇನೋ ಎಂಬ ಭಯವೂ ಹುಟ್ಟಿತು. ಹತ್ತಿರ ಹೋಗಿ ಮೆಲ್ಲಗೆ ಕೇಳಿದ. “ಒಂದ ಮಾತ ಹೇಳಕ್ಕಾ. ನಿನಗ ಮನಸೈತೋ, ಇಲ್ಲೋ? ಇಲ್ಲಂದ್ರ ಈಗ ಪೆಟ್ಟಿಗಿ ಕಟ್ತೇನಿ.”

ರಾಮವ್ವ ಈಗ ತಲೆ ಎತ್ತಿದಳು. “ಇಷ್ಟ ವರ್ಷ ಆ ಗಿಡದ ಮರಿಗಿ ನಿಂತು ಮತ್ತೇನ ಬಯಸೇನಿ ಅಂತ ತಿಳಕೊಂಡಿ? ದೇವರ ಧ್ಯಾನ ಮಾಡೇನಿ ಅಂದ್ಕೊಂಡಿಯೇನು?”

ಮಾತು ರುಕ್ಮವ್ವನ ಕಿವಿಗೂ ಬಿತ್ತು. ಅತ್ತಿಗೆ ನಾದಿನಿಯರ ನಡುವೆ ಅಂಥ ಮೊಹಬ್ಬತ್ತೇನೂ ಇರಲಿಲ್ಲ. ಒಲೆಯ ಮುಂದೆ ದಿನಾ ಒಂದು ಜಗಳ. ಆದರೂ ರುಕ್ಮವ್ವ ಉಡಿ ಬಿಚ್ಚಿ, ತನ್ನ ಪಾಲಿನ ಬೀಜವನ್ನೆಲ್ಲ ರಾಮವ್ವನ ಉಡಿಗೆ ಸುರಿದಳು. “ಹಿಡಿ. ನೀ ಬಿತ್ತಿದ್ದ ಜ್ವಾಳದ್ದ ನಾ ರೊಟ್ಟಿ ಬಡಿಯಾಕತ್ತೇನಿ. ಒಂದರ ದಿನ ಯಾರಿಗರ ಹೊಟ್ಟಿ ನೋವು ಬಂದೈತೇನ?” ಎಂದು ಗಂಡನ ಕಡೆ ತಿರುಗಿದಳು. “ಎತ್ತು ಹೊಡೀರಿ.”

“ಹೊಡಿಯಂಗಿಲ್ಲ,” ಎಂದು ರಾಚಪ್ಪ ಬದುವಿನತ್ತ ನಡೆದ.

ರುಕ್ಮವ್ವ ಸೀರೆ ಮೇಲೆತ್ತಿ ಕಚ್ಚೆ ಹಾಕಿದಳು. ಬಾರುಕೋಲು ಕಿತ್ತುಕೊಂಡು ಬಂದು ಕೂರಿಗೆಯ ಮೇಳಿ ಹಿಡಿದು ಎತ್ತುಗಳ ಹಿಂದೆ ನಿಂತಳು. ಆ ಊರಿನಲ್ಲಿ ಹೆಂಗಸು ಕೂರಿಗೆ ಹೊಡೆದದ್ದನ್ನು ಕಂಡವರಿಲ್ಲ. ಮಡಿವಾಳಪ್ಪನ ಸ್ಕ್ರಿಪ್ಟಿನಲ್ಲಿರಲಿ, ಅವನ ಕನಸಿನಲ್ಲೂ ಅದು ಇರಲಿಲ್ಲ.

“ಇಬ್ರಾಹಿಂಸಾಬ, ಚಾಲೂ ಮಾಡ್ರಿ!”

ಕ್ಯಾಮೆರಾಮನ್ ಇಬ್ರಾಹಿಂಸಾಬ ಆಗಲೇ ಚಾಲೂ ಮಾಡಿದ್ದ. ಎತ್ತುಗಳು ಒಮ್ಮೆ ಕಿವಿ ನಿಮಿರಿಸಿ, ಮುಂದೆ ಹೆಜ್ಜೆಯಿಟ್ಟವು. ರಾಮವ್ವನ ಮುಷ್ಟಿಯಿಂದ ಮೊದಲ ಜೋಳ ಬಟ್ಟಲಿಗೆ ಇಳಿಯಿತು. ಬೀಜ ಬೀಳುವುದು ಒಮ್ಮೆಯೂ ತಪ್ಪಲಿಲ್ಲ. ಸಾಲು ಸೊಟ್ಟಗೆ ಹೊರಟಿತು. ಬದುವಿನ ಮೇಲೆ ಮುಖ ಗಂಟು ಹಾಕಿಕೊಂಡು ಕುಳಿತಿದ್ದ ರಾಚಪ್ಪನಿಗೆ ಅದನ್ನು ನೋಡಿ ತಡೆಯಲಾಗಲಿಲ್ಲ. “ಎಡಕ್ಕ! ಎಡಕ್ಕ ಜಗ್ಗ! ಅಯ್ಯ, ಹೊಲ ಕೆಡಿಸಿದ್ರಲ್ಲ!” ಎಂದು ಎದ್ದು ನಿಂತು ಕೂಗಿದ. ಯಾರೂ ಅತ್ತ ನೋಡಲಿಲ್ಲ.

“ರೀಲು ಮುಗೀತ್ರಿ,” ಎಂದ ಇಬ್ರಾಹಿಂಸಾಬ ಕ್ಯಾಮೆರಾದಿಂದ ಕಣ್ಣು ತೆಗೆದು. “ಇದನ್ನ ಅವ್ರು ತೋರಸೂದಿಲ್ಲ ಬಿಡ್ರಿ. ಕತ್ತರಿಸಿ ಒಗಿತಾರ.”

“ಒಗೀಲಿ.”

“ಕಟ್ ಆದ್ರೂ ಅನ್ರಿ. ಅವ್ರು ನಡದ ಬಿಟ್ಟಾರ.”

“ನಡೀಲಿ,” ಎಂದ ಮಡಿವಾಳಪ್ಪ. ಆಚೆ ಬದುವಿನ ಹತ್ತಿರ ರುಕ್ಮವ್ವ ಎತ್ತುಗಳನ್ನು ತಿರುಗಿಸಿದಳು. ರಾಮವ್ವ ಸೆರಗಿನಿಂದ ಮುಖ ಒರೆಸಿಕೊಂಡು, ಕ್ಯಾಮೆರಾದ ಕಡೆ ನೋಡದೆ, ಎರಡನೆಯ ಸಾಲಿಗೆ ಉಡಿಯೊಳಗೆ ಕೈ ಹಾಕಿದಳು.