ಸಾಯುವ ಸಾಹೇಬನಿಗೆ ಮಸೆದ ಕತ್ತಿ

ಅಲಗಿಲ್ಲದ ಕತ್ತಿಯನ್ನು ಖಂಡೆ ಪೂಜೆಗೆ, ಅದೇ ಆಯುಧ ಪೂಜೆಗೆ, ಇಟ್ಟರೆ ದೇವಿ ಒಪ್ಪುತ್ತಾಳೆಯೇ? ಮಮದಾಪುರದ ಕಮ್ಮಾರರ ಲಕ್ಕವ್ವನನ್ನು ಕೇಳಿ ನೋಡಿ, ಮುಖಕ್ಕೆ ಹೊಡೆದ ಹಾಗೆ ಇಲ್ಲ ಅನ್ನುತ್ತಾಳೆ. ಅದಕ್ಕೇ ನಲವತ್ತಾರನೆಯ ಇಸವಿಯ ಮಹಾನವಮಿಯ ದಿನ, ಗಂಡ ಗುರಲಿಂಗಪ್ಪ ಟಿಕೋಟಾದ ಅಕ್ಕನ ಮನೆಗೆ ಹೋಗಿದ್ದಾಗ, ಕುಲುಮೆಯಲ್ಲಿ ಬಿದ್ದಿದ್ದ ಏಳು ಕತ್ತಿಗಳನ್ನೂ ಸಾಣೆ ಹಿಡಿದು, ಕುಂಕುಮ ಹಚ್ಚಿ ಪೂಜೆಗಿಟ್ಟಳು.

ಕತ್ತಿಗಳು ಮುಂಬಯಿಯ ಸಿನಿಮಾ ಕಂಪನಿಯವು. ಹದಿನೈದು ದಿನದಿಂದ ಕೆರೆಯ ಏರಿಯ ಮೇಲೆ ಅವರ ಶೂಟಿಂಗ್ ನಡೆದಿತ್ತು. ಡೊಂಕಾದದ್ದನ್ನು ನೆಟ್ಟಗೆ ಮಾಡು, ಅಲಗು ಮಾತ್ರ ಮೊಂಡಾಗಿಯೇ ಇರಲಿ ಎಂದು ಗುರಲಿಂಗಪ್ಪನಿಗೆ ಕೊಟ್ಟಿದ್ದರು. ಆ ಪುಣ್ಯಾತ್ಮ ಹೆಂಡತಿಗೆ ಅದನ್ನು ಹೇಳಿದ್ದರೆ ತಾನೆ!

ಕಂಪನಿಯ ಖಳನಾಯಕ ಹಂಗೇರಿಯವನು, ಹೆಸರು ಶಾಂದೋರ್. ತನ್ನ ದೇಶದ ಚಿತ್ರಗಳಲ್ಲಿ ದೆವ್ವ, ಕೊಲೆಗಾರನಾಗಿದ್ದವನು ಯುದ್ಧಕ್ಕೆ ಮುಂಚೆಯೇ ಮುಂಬಯಿ ಸೇರಿ, ಕಡೆಗೆ ಹೀರೋನ ಕೈಯಲ್ಲಿ ಸಾಯುವುದನ್ನೇ ಕಸುಬು ಮಾಡಿಕೊಂಡಿದ್ದ. ಊರವರ ಬಾಯಲ್ಲಿ ಅವನು ಸಾಯೋ ಸಾಹೇಬ. ವಿಜಾಪುರದ ಟೆಂಟ್ ಸಿನಿಮಾದಲ್ಲಿ ಅವನ ಸಾವು ನೋಡಿ ಗೋಳೋ ಎಂದು ಅತ್ತಿದ್ದ ಲಕ್ಕವ್ವನನ್ನು ಊರೆಲ್ಲ ಆಡಿಕೊಂಡಿತ್ತು. ಈಗ ಅದೇ ಸಾಹೇಬ ದಿನಾ ಸಂಜೆ ಕುಲುಮೆಗೆ ಬಂದು, ಬಹೆನ್ ಎಂದು ಕರೆದು, ಅವಳ ಕೈಯ ರೊಟ್ಟಿ, ಕೆಂಪು ಚಟ್ನಿ ತಿಂದು ಕಣ್ಣೀರು ಸುರಿಸುತ್ತಿದ್ದ. ಅವನೆಂದರೆ ಅವಳಿಗೆ ಅಣ್ಣನಷ್ಟು ಅಕ್ಕರೆ.

ದಸರೆಯ ಬೆಳಿಗ್ಗೆ ಕಂಪನಿಯ ಗಾಡಿ ಹೊಡೆಯುವ ತುಕಾರಾಮ ಕತ್ತಿಗಳನ್ನು ಒಯ್ದ. ಮಧ್ಯಾಹ್ನ ಗಂಡ ಬಂದ. ಲಕ್ಕವ್ವ ಹೆಮ್ಮೆಯಿಂದ ಸಾಣೆಯ ಸುದ್ದಿ ಹೇಳಿದಳು. ಗುರಲಿಂಗಪ್ಪ ತಲೆಯ ಮೇಲೆ ಕೈ ಹೊತ್ತು ಕುಸಿದ.

“ಹರಿತ ಮಾಡಿದೆನಬೇ? ಇವತ್ತ ಸಾಹೇಬನ್ನ ಕೊಲ್ಲೋ ಆಟ ಐತಿ. ಇರಿದ ಕತ್ತೀನ ಅಂವ ಕಂಕುಳಾಗ ಒತ್ತಿ ಹಿಡದು ಬೀಳ್ತಾನ.”

ಲಕ್ಕವ್ವ ಕಚ್ಚೆ ಬಿಗಿದು ಓಡಿದಳು. ಗಂಡ ಹಿಂದೆ ಉಳಿದ. ಏರಿಯ ಕಲ್ಲು ಕಾಲಿಗೆ ಚುಚ್ಚಿದರೂ ನಿಲ್ಲಲಿಲ್ಲ. ತನ್ನ ಕೈಯಾರೆ ಮಸೆದದ್ದು, ತನ್ನ ಕೈಯಾರೆ ಕುಂಕುಮ ಹಚ್ಚಿದ್ದು! ದೇವಿಯನ್ನು ಬೈದಳು, ಗಂಡನನ್ನು ಬೈದಳು, ಎಲ್ಲರಿಗಿಂತ ಹೆಚ್ಚಾಗಿ ತನ್ನನ್ನೇ ಬೈದುಕೊಂಡಳು.

ಅಲ್ಲಿ ನೋಡಿದರೆ ಹಗ್ಗ ಕಟ್ಟಿ ಜನರನ್ನು ದೂರ ನಿಲ್ಲಿಸಿದ್ದರು. ಆಚೆ ಹೀರೋ ಕತ್ತಿ ಎತ್ತಿದ್ದ, ಸಾಹೇಬ ಎದೆ ಒಡ್ಡಿ ನಿಂತಿದ್ದ.

“ನಿಲ್ಲಸ್ರೀ, ಸಾಹೇಬ ಸಾಯ್ತಾನ!”

ಜನ ಗೊಳ್ಳೆಂದು ನಕ್ಕರು. ಸಾಯಲೆಂದೇ ಅವನಿಗೆ ಪಗಾರ ಕೊಡುತ್ತಾರೆ, ಇವಳದು ಮತ್ತೆ ಶುರುವಾಯಿತು ಎಂದು ತುಕಾರಾಮ ಅವಳ ರಟ್ಟೆ ಹಿಡಿದ. ಇವರಿಗೆ ಹೇಳಿ ಫಲವಿಲ್ಲ ಎಂದು ಲಕ್ಕವ್ವನಿಗೆ ತಿಳಿಯಿತು. ಅವನನ್ನು ನೂಕಿ, ಗಾಡಿಯಲ್ಲಿದ್ದ ಇನ್ನೊಂದು ಕತ್ತಿ ಹಿರಿದು, ಕ್ಯಾಮರಾದ ಮೇಲಿನ ಚಪ್ಪರದ ಹಗ್ಗಕ್ಕೆ ಒಂದೇ ಏಟು ಹಾಕಿದಳು. ಹೆಬ್ಬೆರಳು ದಪ್ಪದ ಹಗ್ಗ ಕಚಕ್ಕನೆ ತುಂಡಾಗಿ ಚಪ್ಪರ ಧೊಪ್ಪೆಂದು ಬಿತ್ತು. ಹೀರೋನ ಕೈ ಅಲ್ಲೇ ನಿಂತಿತು. ನಗುತ್ತಿದ್ದವರ ಬಾಯಿ ಬಂದಾಯಿತು.

ಸಾಹೇಬ ಹೀರೋನ ಕತ್ತಿ ಇಸಿದುಕೊಂಡು ಅಲಗಿಗೆ ಬೆರಳು ತಾಗಿಸಿದ. ರಕ್ತ ಒಸರಿತು. ಅವನು ಬಹಳ ಹೊತ್ತು ಅದನ್ನೇ ನೋಡಿದ.

ಗುರಲಿಂಗಪ್ಪ ಕಬ್ಬಿಣ ಉಜ್ಜುವ ಅರ ತಂದ. ಗಂಡ ಹೆಂಡತಿ ಅಲ್ಲೇ ಕೂತು ಏಳೂ ಕತ್ತಿಗಳನ್ನು ಮೊಂಡ ಮಾಡಿದರು. ಮತ್ತೆ ಶೂಟಿಂಗ್. ಕತ್ತಿ ಮುಂದೆ ಬಂದದ್ದೇ ತಡ, ಸಾಹೇಬ ಹಿಂದಕ್ಕೆ ಹಾರಿದ. ಎರಡನೆಯ ಸಲವೂ ಅಷ್ಟೆ. ಐದನೆಯ ಸಲಕ್ಕೆ ಡೈರೆಕ್ಟರು ಸಿಟ್ಟಾಗಿ ಅವನ ಅಂಗಿಯನ್ನು ಬೇರೆಯವನಿಗೆ ತೊಡಿಸಿ, ಬೆನ್ನು ಮಾತ್ರ ಕಾಣುವ ಹಾಗೆ ಸಾಯಿಸಿದರು. ಸಾಹೇಬ ನಾಳೆಯಿಂದ ಬರುವುದು ಬೇಡ ಎಂದೂ ಹೇಳಿದರು.

ಸಂಜೆ ಊರವರು ಬನ್ನಿ ಹಂಚುತ್ತಿರುವಾಗ ಸಾಹೇಬ ಪೆಟ್ಟಿಗೆ ಹಿಡಿದು ಕುಲುಮೆಗೆ ಬಂದ. ನೂರಾರು ಸಲ ಸತ್ತೆ ಬಹೆನ್, ಕತ್ತಿ ಕೊಯ್ಯುತ್ತದೆ ಎಂದು ಇವತ್ತೇ ಗೊತ್ತಾಯಿತು, ಇನ್ನು ಸಾಯಲಾರೆ ಎಂದು ತನ್ನ ಹರಕು ಹಿಂದಿಯಲ್ಲಿ ಹೇಳಿದ. ಲಕ್ಕವ್ವನಿಗೆ ದುಃಖ ಒತ್ತರಿಸಿ ಬಂತು. ಉಳಿಸಿದೆನೋ, ಅನ್ನಕ್ಕೆ ಕಲ್ಲು ಹಾಕಿದೆನೋ ಅವಳಿಗೇ ತಿಳಿಯಲಿಲ್ಲ. ಎರಡು ಬನ್ನಿ ಎಲೆ ಅವನ ಅಂಗೈಯಲ್ಲಿಟ್ಟಳು.

“ಬಂಗಾರದಂಗ ಇರ್ರಿ, ಸಾಹೇಬ್ರ.”

ಅವನು ಎಲೆ ಹಿಡಿದು ನಿಂತ. ಕೊಯ್ದ ಬೆರಳಿನಿಂದ ಅದರ ಅಂಚು ಮುಟ್ಟಿ ನೋಡಿ, ಜೇಬಿನಲ್ಲಿಟ್ಟು ಪೆಟ್ಟಿಗೆ ಎತ್ತಿಕೊಂಡ.